ಗೊತ್ತಿಲ್ಲದ ಬೈಟ್‌ನ ಏನ್ ಮಾಡ್ತೀರಾ?

ಹಗಲು ನಂದು ಕಾರಿನ ಇಸಿಯು, ಅಂದ್ರೆ ಕಾರ್ ಒಳಗಿನ ಕಂಪ್ಯೂಟರ್‌ನ ತೊಂದ್ರೆ ಪತ್ತೆ ಮಾಡೋ ಕೆಲ್ಸ, ರಾತ್ರಿ ಹಳೇ ಗೇಮ್‌ಗಳ 3ಡಿ ಮಾಡೆಲ್ ಬಿಚ್ಚಿ ಬ್ಲೆಂಡರ್ ಅನ್ನೋ 3ಡಿ ಸಾಫ್ಟ್‌ವೇರ್‌ಗೆ ತರೋ ಸ್ಕ್ರಿಪ್ಟ್ ಬರೆಯೋ ಚಟ. ಎರಡಕ್ಕೂ ಎಲ್ಲಿಂದೆಲ್ಲಿ ಸಂಬಂಧ ಅಂತ ಕೇಳ್ತಾರೆ, ನಂಗಂತೂ ಎರಡೂ ಒಂದೇ ಕೆಲ್ಸ. ಯಾರೋ ಒಬ್ಬ ಇಂಜಿನಿಯರ್ ಬೈಟ್‌ಗಳನ್ನ (ಒಂದೊಂದೂ 0ಯಿಂದ 255ರವರೆಗಿನ ಒಂದು ಸಂಖ್ಯೆ) ತನ್ನದೇ ಲೆಕ್ಕದಲ್ಲಿ ಜೋಡ್ಸಿಟ್ಟು ಹೋಗಿರ್ತಾನೆ, ಆ ಲೆಕ್ಕದ ಕಾಗದ ನಮ್ ಕೈಗೆ ಸಿಗಲ್ಲ, ಯಾವ ಬೈಟ್ ಏನ್ ಹೇಳ್ತಿದೆ ಅಂತ ನಾವೇ ಕೂತು ಹುಡುಕ್ಬೇಕು.

ಕಾರಿನ ಕಡೆ ಸ್ವಲ್ಪ ಪುಣ್ಯ ಇದೆ, ಒಂದಿಷ್ಟು ಭಾಗನ ಕಾನೂನೇ ಬಯಲು ಮಾಡಿದೆ. ಅಮೆರಿಕಾದಲ್ಲಿ 1996ರ ಮಾಡೆಲ್‌ಗಳಿಂದ ಒಬಿಡಿ-2, ಅಂದ್ರೆ ಕಾರಿನ ತೊಂದ್ರೆನ ಹೊರಗಿನ ಉಪಕರಣದಿಂದ ಓದೋ ಪದ್ಧತಿ, ಕಡ್ಡಾಯ ಆಯ್ತು, ಆ 16 ಪಿನ್ನಿನ ಸಾಕೆಟ್ ಆಮೇಲೆ ಎಲ್ಲಾ ಕಡೆ ಬಂತು, ಹೊಗೆಗೆ ಸಂಬಂಧಪಟ್ಟ ಮಾಹಿತಿ ಯಾರು ಕೇಳಿದ್ರೂ ಕೊಡ್ಬೇಕು. ಉದಾಹರಣೆಗೆ ಇಂಜಿನ್ ಆರ್‌ಪಿಎಂ ಬೇಕು ಅಂದ್ರೆ 01 0ಸಿ ಅಂತ ಕಳ್ಸ್ತೀವಿ, 41 0ಸಿ 0ಸಿ 80 ಅಂತ ಉತ್ತರ ಬರುತ್ತೆ. ಹೊಸಬರು ಇಲ್ಲೇ ಎಡವೋದು, ಎರಡು 0ಸಿ ಇದ್ಯಲ್ಲ, ಮೊದಲನೇದು ನೀವು ಕೇಳಿದ ಪ್ರಶ್ನೆಯ ನಂಬರ್ ಅಷ್ಟೇ, ಎರಡನೇದ್ರಿಂದ ಉತ್ತರ ಶುರು. ಹೆಕ್ಸ್‌ನಲ್ಲಿ (ಹತ್ತರ ಬದಲು ಹದಿನಾರರ ಲೆಕ್ಕ) 0ಸಿ ಅಂದ್ರೆ 12, ಅದನ್ನ 256ರಿಂದ ಗುಣಿಸಿ, 80 ಅಂದ್ರೆ 128, ಅದನ್ನ ಕೂಡ್ಸಿ, 3200 ಬಂತು, 4ರಿಂದ ಭಾಗಿಸಿದ್ರೆ 800. ಗಾಡಿ ಆರಾಮಾಗಿ ಐಡ್ಲಿಂಗ್‌ನಲ್ಲಿ ನಿಂತಿದೆ. ಕೂಲಂಟ್ ಟೆಂಪರೇಚರ್ ಇನ್ನೂ ಸುಲಭ, ಬಂದ ಬೈಟ್‌ನಿಂದ 40 ಕಳೀರಿ ಸಾಕು. ಹಾಗಾಗಿ ಆ್ಯಪ್‌ನಲ್ಲಿ -40 ಡಿಗ್ರಿ ಕಂಡ್ರೆ, ಅಂದ್ರೆ ಬಂದ ಬೈಟ್ ಸೊನ್ನೆ ಇದ್ರೆ, ಚಳಿ ಅಂತ ಅಂದ್ಕೋಬೇಡಿ, ಸಾಮಾನ್ಯವಾಗಿ ಸೆನ್ಸರ್ ವೈರ್ ಕಳಚಿರುತ್ತೆ.

ಹವ್ಯಾಸಿಗಳಿಗೆ ಈ ಬಾಗಿಲು ತೆಗ್ದಿದ್ದು ಇಎಲ್‌ಎಂ327 ಅನ್ನೋ ಚಿಪ್, ಕೆನಡಾದ ಒಂದು ಸಣ್ಣ ಕಂಪನಿದು. ಕಾರಿನ ನಾನಾ ಪ್ರೋಟೋಕಾಲ್‌ಗಳನ್ನೆಲ್ಲಾ (ಮಾತಾಡೋ ನಿಯಮಗಳು) ನುಂಗಿ ಸಾದಾ ಟೆಕ್ಸ್ಟ್ ಆಗಿ ಉಗುಳುತ್ತೆ, ಟರ್ಮಿನಲ್ ಇದ್ರೆ ಸಾಕು ಕಾರ್ ಜೊತೆ ಮಾತಾಡ್ಬೋದು. ಮೊದಲನೇ ವರ್ಷನ್‌ನಲ್ಲಿ ಕೋಡ್‌ಗೆ ಬೀಗ ಹಾಕಿರ್ಲಿಲ್ಲ, ಅದನ್ನೇ ಕಾಪಿ ಹೊಡ್ದು ರಾಶಿ ರಾಶಿ ನಕಲಿ ಅಡಾಪ್ಟರ್ ಬಂದ್ವು. ತಮಾಷೆ ಅಂದ್ರೆ ಎಷ್ಟೋ ನಕಲಿಗಳು ತಮ್ಮನ್ನ 1.5 ವರ್ಷನ್ ಅಂತ ಹೇಳ್ಕೊಳ್ಳುತ್ವೆ, ಅಸಲಿ ಕಂಪನಿ 1.5 ಅಂತ ಬಿಡುಗಡೆ ಮಾಡೇ ಇಲ್ಲ! ನಾನು ಅಡಾಪ್ಟರ್ ಟೆಸ್ಟ್ ಮಾಡೋಕೆ ವಿಐಎನ್, ಅಂದ್ರೆ ಗಾಡಿಯ ಗುರುತಿನ ನಂಬರ್ ಕೇಳ್ತೀನಿ. ಕ್ಯಾನ್ ಅಂದ್ರೆ ಕಾರಿನ ಕಂಪ್ಯೂಟರ್‌ಗಳು ಮಾತಾಡ್ಕೊಳ್ಳೋ ತಂತಿಜಾಲ, ಅದ್ರ ಸಾದಾ ರೂಪದಲ್ಲಿ ಒಂದು ಫ್ರೇಮ್‌ಗೆ (ಒಂದು ಸಂದೇಶಕ್ಕೆ) 8 ಬೈಟ್ ಮಾತ್ರ, ವಿಐಎನ್ 17 ಅಕ್ಷರ, ಹಾಗಾಗಿ ಉತ್ತರ ಮೂರು ಫ್ರೇಮ್‌ನಲ್ಲಿ ತುಂಡು ತುಂಡಾಗಿ ಬರುತ್ತೆ. ಕಳಪೆ ಅಡಾಪ್ಟರ್ ಮೊದಲನೇ ತುಂಡು ಕೊಟ್ಟು ಬಾಯಿ ಮುಚ್ಕೊಳ್ಳುತ್ತೆ. ಮತ್ತೆ ಕೆಲ್ಸ ಮುಗಿದ್ಮೇಲೆ ಅಡಾಪ್ಟರ್ ಕಿತ್ತಿಡಿ, 16ನೇ ಪಿನ್‌ಗೆ ಬ್ಯಾಟರಿ ಕರೆಂಟ್ ಯಾವಾಗ್ಲೂ ಇರುತ್ತೆ, ಕೀ ತೆಗೆದ್ರೂ.

ಆದ್ರೆ ಕಾನೂನು ಬಯಲು ಮಾಡಿರೋದು ಹೊಗೆಯ ವಿಷ್ಯ ಮಾತ್ರ. ಬಾಗಿಲು, ಏರ್‌ಬ್ಯಾಗ್, ಸ್ಟೀರಿಂಗ್ ಕೋನ, ಇದೆಲ್ಲಾ ಒಬ್ಬೊಬ್ಬ ತಯಾರಕಂದು ಒಂದೊಂದು ಗುಟ್ಟು. ಫೋರ್ಡ್ ಕಾರುಗಳಿಗೆ ಅಂತ ಇರೋ ಫೋರ್‌ಸ್ಕ್ಯಾನ್ ತರದ ಟೂಲ್‌ಗಳು ಹುಟ್ಟಿದ್ದೇ ಈ ಜಾಗದಲ್ಲಿ. ಗುಟ್ಟು ಒಡೆಯೋ ವಿಧಾನದಲ್ಲಿ ಮಾಯಮಂತ್ರ ಏನಿಲ್ಲ, ಆ ಕ್ಯಾನ್ ತಂತಿ ಮೇಲೆ ಹರಿಯೋದನ್ನೆಲ್ಲಾ ರೆಕಾರ್ಡ್ ಮಾಡ್ತಾ ಡ್ರೈವರ್ ಬಾಗಿಲನ್ನ ಹತ್ತು ಸಲ ತೆಗ್ದು ಹಾಕಿ ಮಾಡೋದು, ಬೇರೆ ಏನೂ ಮುಟ್ಟಬಾರ್ದು, ಆಮೇಲೆ ಲಾಗ್‌ನಲ್ಲಿ ಸರಿಯಾಗಿ ಹತ್ತು ಸಲ ಎದ್ದು ಬಿದ್ದ ಬಿಟ್ (ಬೈಟ್ ಒಳಗಿನ 0 ಇಲ್ಲಾ 1) ಯಾವುದು ಅಂತ ನೋಡೋದು. ಮಧ್ಯೆ ಸುಮ್ನೆ 0ಯಿಂದ 15ರವರೆಗೆ ಎಣಿಸ್ತಾ ಇರೋ ಬೈಟ್ ಸಿಗುತ್ತೆ, ಅದು ಕೌಂಟರ್, ಅದ್ರ ಪಕ್ಕದಲ್ಲಿ ಹುಚ್ಚುಚ್ಚಾಗಿ ಕುಣೀತಿದ್ರೆ ಬಹುಶಃ ಚೆಕ್‌ಸಮ್, ಅಂದ್ರೆ ಸಂದೇಶ ಕೆಟ್ಟಿಲ್ಲ ಅಂತ ತಾಳೆ ನೋಡೋ ಸಂಖ್ಯೆ. ಅವೆರಡರ ಹಿಂದೆ ಬಿದ್ದು ಒಂದು ವಾರ ಹಾಳು ಮಾಡ್ಕೊಂಡಿದೀನಿ ನಾನು.

ಗೇಮ್ ಮಾಡೆಲ್‌ನಲ್ಲೂ ಇದೇ ಆಟ. ಮಾಡೆಲ್ ಒಳಗೆ ಅದನ್ನ ಅಲುಗಾಡಿಸೋಕೆ ಇಟ್ಟ ಒಂದು ಮೂಳೆನ ಮಾತ್ರ 90 ಡಿಗ್ರಿ ತಿರುಗ್ಸಿ ಸೇವ್ ಮಾಡಿ, ಹಳೇ ಫೈಲ್ ಹೊಸ ಫೈಲ್ ಎರಡನ್ನೂ ಅಕ್ಕಪಕ್ಕ ಇಟ್ಟು ಎಲ್ಲಿ ವ್ಯತ್ಯಾಸ ಬಂತು ನೋಡಿ. 1996ರ ಕ್ವೇಕ್ ಗೇಮ್‌ನಲ್ಲಿ ಮೂಳೆನೇ ಇರ್ಲಿಲ್ಲ, ಅನಿಮೇಶನ್‌ನ ಪ್ರತಿ ಫ್ರೇಮ್‌ಗೂ (ಒಂದೊಂದು ಚಿತ್ರಕ್ಕೂ) ಎಲ್ಲಾ ಬಿಂದುಗಳ ಜಾಗನ ಬರ್ದಿಡ್ತಿದ್ರು, ಅದೂ ಜಾಗ ಉಳಿಸೋಕೆ ಎಕ್ಸ್, ವೈ, ಝಡ್ ಒಂದೊಂದಕ್ಕೂ ಒಂದೇ ಬೈಟ್, ಅಂದ್ರೆ ಇಡೀ ಮಾಡೆಲ್ ಉದ್ದಕ್ಕೆ 256 ಮೆಟ್ಟಿಲು ಅಷ್ಟೇ. ಆ ರಾಕ್ಷಸರು ನಿಂತಲ್ಲೇ ಜೆಲ್ಲಿ ತರ ಅಲುಗಾಡೋದು ಅದಕ್ಕೇ, ಬಿಂದು ಒಂದು ಮೆಟ್ಟಿಲಿಂದ ಇನ್ನೊಂದಕ್ಕೆ ಹಾರುತ್ತೆ. 1998ರ ಹಾಫ್-ಲೈಫ್‌ನಲ್ಲಿ ಅಸ್ಥಿಪಂಜರ ಬಂತು, ಮೂಳೆ ತಿರುಗಿದ್ರೆ ಚರ್ಮ ಹಿಂದೆ ಬರುತ್ತೆ. ಅಲ್ಲಿಂದ ಟೂಲ್ ಬರೆಯೋರ ತಲೆನೋವು ಜಾಸ್ತಿ ಆಯ್ತು. ಮೂಳೆಯ ಜಾಗ, ತಿರುವು ಹೇಳೋ ಸಂಖ್ಯೆಗಳ ಪಟ್ಟಿ ಮ್ಯಾಟ್ರಿಕ್ಸ್, ಅದ್ರ ಅಡ್ಡಸಾಲು ನೀಟಸಾಲು ಅದಲುಬದಲು ಆದ್ರೆ ಪಾತ್ರ ಮುದ್ದೆ ಆಗಿ ಹೊಕ್ಕಳಲ್ಲಿ ಸೇರ್ಕೊಳ್ಳುತ್ತೆ, ಮೇಲ್ಮುಖ ವೈ ಬದಲು ಝಡ್ ಅಂದ್ಕೊಂಡ್ರೆ ಅಂಗಾತ ಮಲಗುತ್ತೆ.

ನಂಗೆ ಜಾಸ್ತಿ ಇಷ್ಟ ಆಗೋ ಬಗ್ ಒಂದಿದೆ. ಕೈ 350 ಡಿಗ್ರಿಯಿಂದ 10 ಡಿಗ್ರಿಗೆ ಹೋಗ್ಬೇಕು, ಮುಂದಕ್ಕೆ 20 ಡಿಗ್ರಿ ದಾರಿ, ಆದ್ರೆ ಟೂಲ್ ಪೆದ್ದಾಗಿ 350, 349, 348 ಅಂತ ಹಿಂದಕ್ಕೆ ಎಣಿಸ್ತಾ ಕೈನ ಗಿರಗಿಟ್ಲೆ ತರ ಸುತ್ಸುತ್ತೆ. ಕ್ವಾಟರ್ನಿಯನ್ (ತಿರುವನ್ನ ನಾಲ್ಕು ಸಂಖ್ಯೆಯಲ್ಲಿ ಬರೆಯೋ ರೀತಿ) ಹಾಕಿದ್ರೂ ಈ ಕಾಟ ತಪ್ಪಲ್ಲ, ಅಲ್ಲಿ ಒಂದೇ ಭಂಗಿಗೆ ಪ್ಲಸ್ ಮೈನಸ್ ಎರಡು ರೂಪ ಇರುತ್ತೆ, ಚಿಹ್ನೆ ನೋಡಿ ಹತ್ರದ್ದನ್ನ ಆರಿಸ್ದಿದ್ರೆ ಅದೇ ಸುತ್ತು. ಇದರ ಅಣ್ಣ ಕಾರಲ್ಲಿದಾನೆ: ಸ್ಟೀರಿಂಗ್‌ನ ಬಲಕ್ಕೆ ತಿರುಗ್ಸಿದ್ರೆ 1, 2, 3 ಸರಿಯಾಗಿ ಬರುತ್ತೆ, ಎಡಕ್ಕೆ ಒಂದ್ ಚೂರು ತಿರುಗ್ಸಿದ್ ತಕ್ಷಣ 65535! ಎರಡು ಬೈಟ್‌ನಲ್ಲಿ ಬರೆದ -1ನ ಮೈನಸ್ ಇಲ್ಲದ ಸಂಖ್ಯೆ ಅಂತ ಓದಿದ್ರ ಫಲ.

ಈಗ ಎಲ್ರೂ ಕೇಳೋ ಪ್ರಶ್ನೆ, ಇಂಥ ಹವ್ಯಾಸಿ ಟೂಲ್ ನಂಬ್ಬೋದಾ? ಬರೀ ಓದೋಕೆ ಆದ್ರೆ ಗಾಡಿ ನಿಂತಿರೋವಾಗ ಧಾರಾಳವಾಗಿ ಬಳ್ಸಿ. ತೊಂದ್ರೆಯ ಕೋಡ್ ಅಳಿಸೋ ಕೋಡ್ ಕ್ಲಿಯರ್ ಬಟನ್ ಮಾತ್ರ ಸುಮ್ ಸುಮ್ನೆ ಒತ್ಬೇಡಿ, ಅದು ಇಂಜಿನ್ ಎಚ್ಚರಿಕೆ ಲೈಟ್ ಆರ್ಸೋದಲ್ದೆ ತೊಂದ್ರೆ ಆದ ಕ್ಷಣದ ಅಳತೆಗಳ ದಾಖಲೆ, ಅಂದ್ರೆ ಫ್ರೀಜ್ ಫ್ರೇಮ್‌ನೂ ಅಳಿಸಿ ಹಾಕುತ್ತೆ, ಮೆಕ್ಯಾನಿಕ್‌ಗೆ ಇದ್ದ ಒಂದೇ ಸುಳಿವು ಹೋಯ್ತು. ಬರೆಯೋ ವಿಷ್ಯ ಬಂದಾಗ ನಾನು ನೋಡೋದು ಬೇರೆ, ಆ ಟೂಲ್ ತನಗೆ ಗೊತ್ತಿಲ್ಲದ ಬೈಟ್‌ನ ಏನ್ ಮಾಡುತ್ತೆ ಅಂತ. ಫೈಲ್ ಓಪನ್ ಮಾಡಿ, ಏನೂ ಬದಲಿಸ್ದೆ ಬೇರೆ ಹೆಸರಲ್ಲಿ ಸೇವ್ ಮಾಡಿ, ಎರಡನ್ನೂ ಬೈಟ್ ಬೈಟ್ ಹೋಲ್ಸಿ. ಒಂದೇ ತರ ಇದ್ರೆ ಬರ್ದೋನು ಜಾಗ್ರತೆಯ ಮನುಷ್ಯ. ಗೇಮ್ ಮಾಡೆಲ್ ಬಿಚ್ಚೋ ನಿಫ್‌ಸ್ಕೋಪ್‌ನಲ್ಲಿ ಅನ್‌ನೋನ್ (ಗೊತ್ತಿಲ್ಲ) ಅಂತ ಹೆಸರಿಟ್ಟ ಫೀಲ್ಡ್‌ಗಳು ಕಾಣುತ್ವೆ, ಕಾರಿನ ಕ್ಯಾನ್ ಸಂದೇಶಗಳ ಅರ್ಥ ಬರೆದಿಡೋ ಓಪನ್‌ಡಿಬಿಸಿ ಕಡತಗಳಲ್ಲಿ ನ್ಯೂ ಸಿಗ್ನಲ್ 1 ಅಂತ ಹೆಸರಿಲ್ದೆ ಬಿದ್ದಿರೋವೂ ಇವೆ, ಅದನ್ನ ನೋಡಿ ಜನ ಅರ್ಧಂಬರ್ಧ ಅಂತ ಮೂಗು ಮುರೀತಾರೆ, ನಂಗೆ ಅದೇ ಭರವಸೆ. ಕಾರಿಗಾದ್ರೆ ಇನ್ನೊಂದು, ಮಾಡ್ಯೂಲ್‌ನ (ಕಾರಿನ ಒಂದೊಂದು ಕಂಪ್ಯೂಟರ್‌ನ) ಮೂಲ ಸೆಟ್ಟಿಂಗ್ ಬ್ಯಾಕಪ್ ತಗೋಳ್ದೆ ಬರೆಯೋಕೆ ಬಿಡೋ ಟೂಲ್‌ನ ನಾನು ಮುಟ್ಟಲ್ಲ, ಬ್ಯಾಟರಿಗೆ ಚಾರ್ಜರ್ ಹಾಕ್ದೆನೂ ಕೂರಲ್ಲ.

ಇದನ್ನ ನಾನು ಕಲ್ತಿದ್ದು ನನ್ ಸ್ಕ್ರಿಪ್ಟ್‌ನಿಂದ್ಲೇ. ಪ್ರತಿ ಅನಿಮೇಶನ್ ಹೆಡರ್‌ನಲ್ಲಿ (ಶುರುವಿನ ವಿವರದ ಭಾಗದಲ್ಲಿ) ನಾಲ್ಕು ಬೈಟ್ ಇತ್ತು, ನೋಡಿದ ಫೈಲಲ್ಲೆಲ್ಲಾ ಸೊನ್ನೆ, ಸರಿ ಅಂತ ಬರೆಯೋವಾಗ ನಾನೂ ಸೊನ್ನೆ ಹಾಕ್ಬಿಟ್ಟೆ. ನಾನ್ ನೋಡಿದ್ದು ಹೊಡೆಯೋ, ಸಾಯೋ ಅನಿಮೇಶನ್ ಮಾತ್ರ, ಅವು ಒಂದೇ ಸಲ ಆಗೋವು. ಆಮೇಲೆ ಒಬ್ರು ನಡೆಯೋ ಅನಿಮೇಶನ್ ಹಾಕಿ ನೋಡಿ ಹೇಳಿದ್ರು, ಸಾರ್ ನಿಮ್ ಸೈನಿಕ ಎರಡು ಹೆಜ್ಜೆ ಇಟ್ಟು ಕಾಲೆತ್ತಿದ್ ಹಾಗೇ ಜಾರ್ಕೊಂಡು ಹೋಗ್ತಿದಾನೆ. ಆ ನಾಲ್ಕು ಬೈಟ್ ಲೂಪ್ ಫ್ಲ್ಯಾಗ್ ಆಗಿತ್ತು, ಅಂದ್ರೆ ಮುಗಿದ್ಮೇಲೆ ಮತ್ತೆ ಮೊದಲಿಂದ ಆಡ್ಸು ಅನ್ನೋ ಗುರುತು. ಈಗ ಅದಕ್ಕೆ ಹೆಸರಿಟ್ಟಿದೀನಿ, ಅದೇ ಹೆಡರ್‌ನಲ್ಲಿ ಇನ್ನೂ ಎರಡು ಅನ್‌ನೋನ್ ಉಳಿದಿವೆ, ಅವನ್ನ ಬಂದ ಹಾಗೇ ವಾಪಸ್ ಬರೀತೀನಿ.