‘ಊಟ ಆಯ್ತಾ’ ಎಂದಷ್ಟೇ ಕೇಳುವ ಅಪ್ಪ

ಪ್ರಶ್ನೆ: ಕೆಲಸಕ್ಕೆಂದು ಊರು ಬಿಟ್ಟು ಆರು ವರ್ಷವಾಯಿತು. ಫೋನ್ ಮಾಡಿದಾಗಲೆಲ್ಲ ಅಪ್ಪ ‘ಊಟ ಆಯ್ತಾ?’ ಅಂತಾರೆ, ‘ಇರು, ಅಮ್ಮಂಗೆ ಕೊಡ್ತೀನಿ’ ಅಂತಾರೆ. ಅಷ್ಟೇ. ನಾನು ತಿಂಗಳು ತಪ್ಪದೆ ದುಡ್ಡು ಕಳಿಸುತ್ತೇನೆ, ಆದರೆ ಅದು ಬರೀ ಕರ್ತವ್ಯ ಅನ್ನಿಸುತ್ತದೆ. ನಮ್ಮಿಬ್ಬರ ನಡುವೆ ಪ್ರೀತಿ ಅನ್ನುವುದು ಇದೆಯೇ?

ಈ ಪ್ರಶ್ನೆಯನ್ನು ಗಂಡುಮಕ್ಕಳೂ ಕೇಳುತ್ತಾರೆ, ಹೆಣ್ಣುಮಕ್ಕಳೂ ಕೇಳುತ್ತಾರೆ. ಬಹುಪಾಲು ಮನೆಗಳಲ್ಲಿ ಪ್ರೀತಿ ಇದೆ ಎಂದೇ ನನ್ನ ನಂಬಿಕೆ. ಅದು ಮಾತಿನ ರೂಪದಲ್ಲಿ ಇಲ್ಲ, ಅಷ್ಟೆ.

‘ಊಟ ಆಯ್ತಾ’ ಎಂಬುದನ್ನೇ ನೋಡಿ. ಚೀನೀಯರೂ ಕೊರಿಯನ್ನರೂ ತಮ್ಮವರನ್ನು ವಿಚಾರಿಸಿಕೊಳ್ಳುವುದು ಇದೇ ಮಾತಿನಿಂದ. ಹಸಿವು ಕಂಡ ತಲೆಮಾರಿಗೆ ಮಕ್ಕಳ ಹೊಟ್ಟೆ ತುಂಬಿದೆಯೋ ಇಲ್ಲವೋ ಎನ್ನುವುದಕ್ಕಿಂತ ದೊಡ್ಡ ವಿಚಾರಣೆ ಇರಲಿಲ್ಲ.

ಹಾಗಾದರೆ ಅಪ್ಪಂದಿರಿಗೆ ಬಾಯಿ ಯಾಕೆ ಬರುವುದಿಲ್ಲ? ನಮ್ಮ ಕೂಡುಕುಟುಂಬಗಳಲ್ಲಿ ಹಿರಿಯರ ಎದುರು ಸ್ವಂತ ಮಗುವನ್ನು ಎತ್ತಿ ಮುದ್ದಾಡುವುದೇ ಸಂಕೋಚದ ಸಂಗತಿಯಾಗಿತ್ತು. ಮುದ್ದು ಅಜ್ಜನ ಪಾಲಿಗೆ, ಶಿಸ್ತು ಅಪ್ಪನ ಪಾಲಿಗೆ. ಚೀನಾದಲ್ಲಿ ‘ಕಟ್ಟುನಿಟ್ಟಿನ ಅಪ್ಪ, ಕರುಣೆಯ ಅಮ್ಮ’ ಎಂಬ ನುಡಿಗಟ್ಟೇ ಇದೆ. ಜಪಾನಿನ ಹಳೆಯ ಮಾತೊಂದು ಭಯಪಡಬೇಕಾದವುಗಳನ್ನು ಪಟ್ಟಿಮಾಡುತ್ತದೆ: ಭೂಕಂಪ, ಸಿಡಿಲು, ಬೆಂಕಿ, ಅಪ್ಪ! ನಮ್ಮಲ್ಲೂ ಒಂದು ಸುಭಾಷಿತವಿದೆ: ಐದು ವರ್ಷ ಮುದ್ದಿಸು, ಹತ್ತು ವರ್ಷ ದಂಡಿಸು, ಹದಿನಾರಕ್ಕೆ ಕಾಲಿಟ್ಟ ಮೇಲೆ ಮಗನನ್ನು ಗೆಳೆಯನಂತೆ ಕಾಣು. ನಡುವಿನ ಹತ್ತು ವರ್ಷವನ್ನು ನಮ್ಮ ಅಪ್ಪಂದಿರು ಚಾಚೂ ತಪ್ಪದೆ ಪಾಲಿಸಿದರು. ಗೆಳೆಯನಾಗುವುದು ಹೇಗೆ ಎಂಬುದನ್ನು ಮಾತ್ರ ಅವರಿಗೆ ಯಾರೂ ತೋರಿಸಿಕೊಡಲಿಲ್ಲ. ಅವರ ಅಪ್ಪನೂ ಅವರೊಂದಿಗೆ ಹಾಗಿರಲಿಲ್ಲವಲ್ಲ.

ನನ್ನ ಅಪ್ಪ ನನ್ನನ್ನು ಹೊಗಳಿದ್ದು ನೆನಪಿಲ್ಲ. ಒಮ್ಮೆ ಅಟ್ಟ ಗುಡಿಸುವಾಗ ಅವರ ಹಳೆಯ ಲೆಕ್ಕದ ಡೈರಿ ಸಿಕ್ಕಿತು. ಹಾಲಿನವನ ಬಾಕಿ, ಪೇಪರಿನವನ ಬಾಕಿ, ನಡುವೆ ಒಂದು ಪುಟದಲ್ಲಿ ಬೇರೆಯೇ ಲೆಕ್ಕ: ‘ರಾತ್ರಿ 11ಕ್ಕೆ 103. 1ಕ್ಕೆ 102. 3ಕ್ಕೆ 101. 5ಕ್ಕೆ 99, ಬೆವರಿತು.’ ನನಗೆ ಏಳು ವರ್ಷವಿದ್ದಾಗ ಬಂದ ಜ್ವರ ಅದು. ಆ ರಾತ್ರಿ ಹಣೆಯ ಮೇಲಿದ್ದ ಕೈ ಅಮ್ಮನದು ಎಂದೇ ನಾನು ತಿಳಿದಿದ್ದೆ. ಡೈರಿ ತಂದು ತೋರಿಸಿದರೆ ಅಪ್ಪ ಕನ್ನಡಕ ಸರಿಮಾಡಿಕೊಂಡು ಓದಿದರು. ‘ಹೂಂ, ಬರ್ದಿದ್ದೆ’ ಎಂದು ಡೈರಿಯನ್ನು ಕಸಿದುಕೊಂಡು ತಮ್ಮ ದಿಂಬಿನ ಪಕ್ಕ ಇಟ್ಟುಕೊಂಡರು. ಅದರ ಬಗ್ಗೆ ನಾವಿಬ್ಬರೂ ಮತ್ತೆ ಮಾತಾಡಿಲ್ಲ.

ಇನ್ನು ನೀವು ಕಳಿಸುವ ದುಡ್ಡು. ಅದರ ಹಿಂದಿನ ಹೊಣೆಯನ್ನು ನಮ್ಮವರು ಪಿತೃಋಣ ಎಂದರು, ಚೀನೀಯರು ‘ಶಿಯಾವ್’, ಅಂದರೆ ಹೆತ್ತವರ ಮೇಲಿನ ಭಕ್ತಿ, ಎಂದರು. ಆ ಅಕ್ಷರವನ್ನು ಮೇಲೆ ಮುದುಕ, ಕೆಳಗೆ ಮಗು ಇರುವ ಹಾಗೆ ಬರೆಯುತ್ತಾರೆ. ಈಗ ಕಾನೂನುಗಳೂ ಬಂದಿವೆ. ಸಿಂಗಪುರ 1995ರಲ್ಲೇ ಕಾಯ್ದೆ ಮಾಡಿತು. ನಮ್ಮ ದೇಶದ 2007ರ ಕಾಯ್ದೆಯ ಪ್ರಕಾರ, ನೋಡಿಕೊಳ್ಳದ ಮಗನಿಂದಲೋ ಮಗಳಿಂದಲೋ ಜೀವನಾಂಶ ಕೇಳಿ ತಂದೆತಾಯಿ ನ್ಯಾಯಮಂಡಳಿಗೆ ಹೋಗಬಹುದು. ಚೀನಾ ಇನ್ನೂ ಒಂದು ಹೆಜ್ಜೆ ಮುಂದೆ ಹೋಗಿ, ಬೇರೆ ಇರುವ ಮಕ್ಕಳು ಹಿರಿಯರನ್ನು ಆಗಾಗ ಹೋಗಿ ಕಾಣಬೇಕು, ಇಲ್ಲವೇ ವಿಚಾರಿಸಿಕೊಳ್ಳಬೇಕು ಎಂದು 2013ರಿಂದ ಕಾನೂನಿನಲ್ಲೇ ಸೇರಿಸಿತು. ಆದರೆ ಸುಮಾರು ಎರಡೂವರೆ ಸಾವಿರ ವರ್ಷದ ಹಿಂದೆಯೇ ಅಲ್ಲಿನ ಚಿಂತಕ ಕನ್‌ಫ್ಯೂಷಿಯಸ್ ಇದೇ ವಿಷಯಕ್ಕೆ ನೊಂದುಕೊಂಡಿದ್ದ: ತಂದೆತಾಯಿಗೆ ಅನ್ನ ಹಾಕಿದರೆ ಸಾಕು ಎಂದುಕೊಂಡಿದ್ದಾರೆ, ನಾಯಿ ಕುದುರೆಗಳಿಗೂ ಹಾಕುತ್ತೇವಲ್ಲ, ಗೌರವವಿಲ್ಲದಿದ್ದರೆ ವ್ಯತ್ಯಾಸವೇನು ಎಂದು. ನಿಮ್ಮನ್ನು ಕಾಡುತ್ತಿರುವುದೂ ಇದೇ. ‘ಬರೀ ಕರ್ತವ್ಯ’ ಎಂದು ನೋವಾಗುತ್ತಿದೆಯೆಂದರೆ ಅದು ಬರೀ ಕರ್ತವ್ಯವಾಗಿ ಉಳಿದಿಲ್ಲ.

ಒಂದು ಮಾತು ಮಾತ್ರ ಖಂಡಿತವಾಗಿ ಹೇಳಬೇಕು. ಎಲ್ಲ ಮೌನದ ಹಿಂದೆಯೂ ಪ್ರೀತಿ ಇರುವುದಿಲ್ಲ. ಹೊಡೆದು ಬಡಿದು, ಹೀಯಾಳಿಸಿ ಬೆಳೆಸಿದ ಅಪ್ಪನ ಮೌನದಲ್ಲಿ ಮಮತೆ ಹುಡುಕುವ ಹೊಣೆ ಮಕ್ಕಳದಲ್ಲ. ‘ಎಷ್ಟಾದರೂ ಅಪ್ಪ’ ಎಂದು ಅಂಥ ಮಕ್ಕಳ ಬಾಯಿ ಮುಚ್ಚಿಸುವುದು ತಪ್ಪು.

ನಿಮ್ಮ ಪತ್ರದಲ್ಲಿ ಅಂಥದ್ದೇನೂ ಕಾಣಲಿಲ್ಲ. ಹಾಗಾಗಿ ಹೇಳುತ್ತೇನೆ: ‘ನನ್ನನ್ನು ಪ್ರೀತಿಸುತ್ತೀರಾ’ ಎಂದು ಕೇಳಬೇಡಿ, ಅವರು ಗಾಬರಿಯಾಗುತ್ತಾರೆ. ಅವರಿಗೆ ಗೊತ್ತಿರುವ ವಿಷಯ ಕೇಳಿ. ಮೊದಲ ಸಂಬಳದಲ್ಲಿ ಏನು ಕೊಂಡರು, ನೀವು ಹುಟ್ಟಿದ ದಿನ ಅವರೆಲ್ಲಿದ್ದರು, ನಿಮ್ಮ ಅಜ್ಜ ಅವರ ಜೊತೆ ಹೇಗಿದ್ದರು. ಊರಿಗೆ ಹೋದಾಗ ಎದುರು ಕೂರಿಸಿಕೊಂಡು ಕೇಳುವುದಕ್ಕಿಂತ ಏನಾದರೂ ಕೆಲಸ ಮಾಡುತ್ತಾ, ಜೊತೆಯಲ್ಲಿ ನಡೆಯುತ್ತಾ ಕೇಳುವುದು ಒಳ್ಳೆಯದು. ಮುಖ ನೋಡದೆ ಮಾತಾಡುವಾಗ ಇಂಥವರಿಗೆ ನಾಲಿಗೆ ಸಡಿಲವಾಗುತ್ತದೆ. ಫೋನಿನಲ್ಲಾದರೆ, ಅವರು ‘ಇರು, ಅಮ್ಮಂಗೆ ಕೊಡ್ತೀನಿ’ ಅಂದ ತಕ್ಷಣ ‘ತಡೀರಪ್ಪ, ನಿಮ್ಮ ಹತ್ರಾನೇ ಒಂದು ಕೇಳೋದಿತ್ತು’ ಅನ್ನಿ. ಮೊದಲ ಸಲ ಒಂದೇ ಪದದಲ್ಲಿ ಉತ್ತರ ಕೊಟ್ಟು ಫೋನನ್ನು ಅಮ್ಮನ ಕೈಗೇ ಕೊಡಬಹುದು. ಮುಂದಿನ ವಾರಕ್ಕೆ ಇನ್ನೊಂದು ಪ್ರಶ್ನೆ ಇಟ್ಟುಕೊಂಡಿರಿ.