ಪಹಣಿಯಿಂದ ಶುರು ಮಾಡೋಣ: ಡಿಜಿಟಲ್ ಬದಲಾವಣೆಯ ಬಗ್ಗೆ ನನ್ನ ಟಿಪ್ಪಣಿ

'ಡಿಜಿಟಲ್ ತಂತ್ರಜ್ಞಾನ ಮತ್ತು ಸಮಾಜ' ಅನ್ನೋ ಪಾಠ ಓದುವಾಗ ನನಗೆ ತುಂಬಾ ಕಷ್ಟವಾಯಿತು. ಪುಟ ತುಂಬ ದೊಡ್ಡ ದೊಡ್ಡ ಮಾತುಗಳು. ಓದಿ ಪುಸ್ತಕ ಮುಚ್ಚಿದರೆ ಏನೂ ನೆನಪಿರಲ್ಲ. ನಾನು ಚಿಕ್ಕಬಳ್ಳಾಪುರ ಜಿಲ್ಲೆಯ ಚಿಂತಾಮಣಿ ತಾಲೂಕಿನವಳು. ಕೊನೆಗೆ ಪುಸ್ತಕ ಪಕ್ಕಕ್ಕಿಟ್ಟು ನಮ್ಮ ಮನೆಯ ಟ್ರಂಕಿನಲ್ಲಿದ್ದ ಒಂದು ಕಾಗದ ತೆಗೆದೆ. ಅದು ಅಜ್ಜಿಯ ಹೆಸರಿನ ಪಹಣಿ, ಅಂದರೆ ಯಾವ ಜಮೀನು ಯಾರದು ಅಂತ ಹೇಳುವ ಸರ್ಕಾರಿ ದಾಖಲೆ. ಅದನ್ನು ಮುಂದಿಟ್ಟುಕೊಂಡು ಓದಿದ ಮೇಲೆ ಪಾಠ ಅರ್ಥವಾಯಿತು. ಇದೇ ಪಾಠ ಓದಿ ಪರೀಕ್ಷೆ ಬರೆಯುವ ನಿಮಗೂ ಉಪಯೋಗವಾಗಲಿ ಅಂತ ಬರೆಯುತ್ತಿದ್ದೇನೆ.

ಒಂದು ವಿಷಯ ಕಂಪ್ಯೂಟರಿಗೆ ಹೋಗಬೇಕಾದರೆ ಅದಕ್ಕೆ ಕಾಲಂ ಬೇಕು. ಆದ್ದರಿಂದ ಯಾವ ಉದಾಹರಣೆ ಸಿಕ್ಕರೂ ಹೀಗೆ ಕೇಳಿಕೊಳ್ಳಿ. ಯಾವುದಕ್ಕೆ ಕಾಲಂ ಸಿಕ್ಕಿತು? ಅದನ್ನು ತುಂಬಿದವರು ಯಾರು? ತಪ್ಪಾದರೆ ತಿದ್ದುವವರು ಯಾರು? ಕಾಲಂ ಸಿಗದೇ ಹೋದದ್ದು ಏನಾಯಿತು?

ಪಹಣಿ: ಪುಸ್ತಕದಿಂದ ಪರದೆಗೆ

ಹಿಂದೆ ಊರಿನ ಜಮೀನಿನ ಲೆಕ್ಕ ಶಾನುಭೋಗರ ಹತ್ತಿರ ಇರುತ್ತಿತ್ತು. ಅದು ವಂಶದಿಂದ ಬರುತ್ತಿದ್ದ ಕೆಲಸ. 1961ರ ಕಾಯ್ದೆ ಆ ವಂಶದ ಹಕ್ಕನ್ನು ತೆಗೆದುಹಾಕಿತು. ಆಮೇಲೆ ಗ್ರಾಮ ಲೆಕ್ಕಿಗರು ಬಂದರು. ಆದರೆ ಪುಸ್ತಕ ಮಾತ್ರ ಒಬ್ಬರ ಕೈಯಲ್ಲೇ ಉಳಿಯಿತು. ರಾಜ್ಯದಲ್ಲಿ ಸುಮಾರು 9,000 ಲೆಕ್ಕಿಗರು. ಪಹಣಿ ಬೇಕೆಂದರೆ ಅವರನ್ನು ಹುಡುಕಿಕೊಂಡು ಹೋಗಬೇಕು, ಅವರು ಕೊಟ್ಟಾಗ ತಗೋಬೇಕು. ಪುಸ್ತಕದಲ್ಲಿ ಏನು ಬರೆದಿದೆ ಅಂತ ರೈತ ಸುಲಭವಾಗಿ ನೋಡುವ ಹಾಗಿರಲಿಲ್ಲ.

2000ದ ಹೊತ್ತಿಗೆ ಕರ್ನಾಟಕ ಸರ್ಕಾರ 'ಭೂಮಿ' ಯೋಜನೆ ತಂದಿತು. ಸುಮಾರು 67 ಲಕ್ಷ ಹಿಡುವಳಿದಾರರ 2 ಕೋಟಿಯಷ್ಟು ಪಹಣಿಗಳು ಕಂಪ್ಯೂಟರಿಗೆ ಹೋದವು. ಆಗ ಇದ್ದ 177 ತಾಲೂಕುಗಳಲ್ಲೂ ಭೂಮಿ ಕೇಂದ್ರ ಬಂತು. 15 ರೂಪಾಯಿ ಕೊಟ್ಟರೆ ಯಾರ ಪಹಣಿ ಬೇಕಾದರೂ ಕೈಗೆ ಬರುತ್ತಿತ್ತು. ಖಾತೆ ಬದಲಾವಣೆಯ (ಜಮೀನನ್ನು ಹೊಸಬರ ಹೆಸರಿಗೆ ಮಾಡುವ) ಅರ್ಜಿಗಳು ಬಂದ ಸಾಲಿನಲ್ಲೇ ಮುಂದೆ ಹೋಗಬೇಕು, ಮಧ್ಯೆ ಒಂದನ್ನು ಎತ್ತಿ ಮೇಲೆ ಇಡುವ ಹಾಗಿಲ್ಲ. ಅಧಿಕಾರಿ ಬೆರಳಚ್ಚು ಕೊಟ್ಟೇ ಕಂಪ್ಯೂಟರಿನ ದಾಖಲೆಯೊಳಗೆ ಹೋಗಬೇಕು. ಆಮೇಲೆ ಕೈಬರಹದ ಪಹಣಿಗೆ ಬೆಲೆಯೇ ಇಲ್ಲ ಅಂತಾಯಿತು.

ಇದು ನಿಜವಾದ ಲಾಭ. ಪರೀಕ್ಷೆಯಲ್ಲಿ ಇದನ್ನು ಧೈರ್ಯವಾಗಿ ಬರೆಯಿರಿ. ಒಬ್ಬರ ಬೀರುವಿನಲ್ಲಿದ್ದ ತಿಳಿವಳಿಕೆ ಎಲ್ಲರಿಗೂ ಸಿಕ್ಕಿತು.

ಆದರೆ 'ಎಲ್ಲರಿಗೂ' ಅನ್ನೋ ಪದದ ಹತ್ತಿರ ಸ್ವಲ್ಪ ನಿಲ್ಲಿ. ಪಹಣಿ ನಮ್ಮಜ್ಜಿಗೆ ಸುಲಭವಾಗಿ ಸಿಕ್ಕ ಹಾಗೆಯೇ ಬೆಂಗಳೂರಿನಿಂದ ಜಮೀನು ಹುಡುಕಿಕೊಂಡು ಬರುವವರಿಗೂ ಸಿಕ್ಕಿತು. ಅವರ ಜೊತೆ ವಕೀಲರಿದ್ದಾರೆ, ದುಡ್ಡಿದೆ. ಒಂದು ಪಹಣಿ ನೋಡಿದರೆ ಸಾಕು, ಯಾರ ಹೆಸರಿನಲ್ಲಿದೆ, ಸಾಲ ಇದೆಯಾ, ಎಷ್ಟು ಗುಂಟೆ ಅಂತ ತಿಳಿಯುತ್ತದೆ. ಸಂಶೋಧಕ ಸೊಲೊಮನ್ ಬೆಂಜಮಿನ್ ಮತ್ತು ಜೊತೆಗಾರರು 2007ರ ಸುಮಾರಿಗೆ ಬೆಂಗಳೂರಿನ ಸುತ್ತಮುತ್ತ ಅಧ್ಯಯನ ಮಾಡಿ ಇದನ್ನೇ ಎತ್ತಿ ತೋರಿಸಿದರು. ದಾಖಲೆ ತೆರೆದುಕೊಂಡಾಗ ದೊಡ್ಡ ಕೊಳ್ಳುಗರಿಗೆ ಅನುಕೂಲ ಜಾಸ್ತಿ ಆಯಿತು ಅನ್ನೋದು ಅವರ ವಾದ. ನನಗೆ ಈ ವಾದ ಸರಿ ಅನಿಸುತ್ತದೆ. ಹಾಗಂತ ಹಳೆಯ ಪುಸ್ತಕವೇ ಚೆನ್ನಾಗಿತ್ತು ಅಂತ ನಾನು ಹೇಳಲ್ಲ. ಬಾಗಿಲು ಒಂದೇ ಆದರೂ ಒಳಗೆ ಹೋಗುವವರ ಶಕ್ತಿ ಒಂದೇ ಅಲ್ಲ, ಅಷ್ಟೇ. ನಮ್ಮ ಪುಸ್ತಕದಲ್ಲಿ 'ಡಿಜಿಟಲ್ ಕಂದಕ' ಅಂದಾಗ ಬರೀ ಫೋನ್ ಇದೆಯಾ ಇಲ್ಲವಾ ಅಂತ ಬರೆಯುತ್ತಾರೆ. ಸಿಕ್ಕ ಮಾಹಿತಿಯನ್ನು ಬಳಸಿಕೊಳ್ಳುವ ಶಕ್ತಿಯೂ ಅದರಲ್ಲಿ ಸೇರಬೇಕು.

ತಪ್ಪು ತಿದ್ದುವುದು

ಪಹಣಿಯ ಕಾಲಂ 9ರಲ್ಲಿ ಮಾಲೀಕರ ಹೆಸರು. ಕಾಲಂ 11ರಲ್ಲಿ ಸಾಲ, ಋಣ. ಈಗ ಹೆಸರಿನ ಕಥೆ ಕೇಳಿ. ನಮ್ಮ ಕಡೆ ವೆಂಕಟರವಣಪ್ಪ ಅಂತ ಕರೆಯುವವರನ್ನು ಬರೆಯುವಾಗ ವೆಂಕಟರಮಣಪ್ಪ ಅಂತ ಬರೆದುಬಿಡುತ್ತಾರೆ. ಊರಿನವರಿಗೆ ಇಬ್ಬರೂ ಒಬ್ಬರೇ. ಹಳೆಯ ಲೆಕ್ಕಿಗರಿಗೂ ಅದು ಗೊತ್ತಿತ್ತು. ಕಂಪ್ಯೂಟರಿಗೆ ಮಾತ್ರ ಅವರು ಬೇರೆ ಬೇರೆ ಜನ.

ನಮ್ಮ ಮನೆಯಲ್ಲಿ ಅಜ್ಜಿಯನ್ನು ಅವ್ವ ಅಂತೀವಿ. ಅವ್ವನ ಹೆಸರಿನ ಮುಂದೆ ಪಹಣಿಯಲ್ಲಿ 'ಮುನಿ' ಇದೆ, ಆಧಾರಿನಲ್ಲಿ ಇಲ್ಲ. 2024ರಲ್ಲಿ ಪಹಣಿಗೆ ಆಧಾರ್ ಜೋಡಿಸುವ ಕೆಲಸ ನಡೆದಾಗ ಇದು ಹೊರಗೆ ಬಂತು. ಒಂದು ಕಚೇರಿಗೆ ನಾನೂ ಅವ್ವನೂ ತಿಂಗಳುಗಟ್ಟಲೆ ಓಡಾಡಿದೆವು. ಅಲ್ಲಿ ಯಾರೂ ಕೆಟ್ಟವರಲ್ಲ. 'ಸಿಸ್ಟಂ ತಗೋತಾ ಇಲ್ಲಮ್ಮ' ಅಂತ ಹೇಳುತ್ತಿದ್ದರು. ಅವ್ವ ಅಲ್ಲೇ ಎದುರಿಗೆ ನಿಂತಿದ್ದರು. ನಾನೇ ಆ ಹೊಲದವಳು ಅಂತ ಹೇಳಿಕೊಳ್ಳಲು ಅವರಿಗೆ ಒಂದು ಕಾಗದ ಸಾಲದೇ ಹೋಯಿತು. ಆ ದಿನ ಬಸ್ಸಿನಲ್ಲಿ ಅವರು ಒಂದು ಮಾತೂ ಆಡಲಿಲ್ಲ.

ಇಲ್ಲಿ ಸಮಾಜಶಾಸ್ತ್ರದ ಒಂದು ಪದ ಸರಿಯಾಗಿ ಕೂರುತ್ತದೆ. ಅಮೆರಿಕದ ಸಮಾಜಶಾಸ್ತ್ರಜ್ಞ ವಿಲಿಯಂ ಆಗ್‌ಬರ್ನ್ 1922ರಲ್ಲಿ ಹೇಳಿದ 'ಸಾಂಸ್ಕೃತಿಕ ಹಿಂಬೀಳುವಿಕೆ'. ಯಂತ್ರ, ಸಾಧನ ಬೇಗ ಬದಲಾಗುತ್ತವೆ. ನಿಯಮ, ಅಭ್ಯಾಸ, ನಂಬಿಕೆ ನಿಧಾನವಾಗಿ ಬದಲಾಗುತ್ತವೆ. ನಡುವಿನ ಅಂತರದಲ್ಲಿ ಜನ ಸಿಕ್ಕಿಕೊಳ್ಳುತ್ತಾರೆ. ಹೆಸರು ಜೋಡಿಸುವ ಯಂತ್ರ ಬಂದುಬಿಟ್ಟಿತ್ತು. ಎರಡು ಹೆಸರಿನ ಒಬ್ಬ ಮನುಷ್ಯರನ್ನು ಒಪ್ಪಿಕೊಳ್ಳುವ ನಿಯಮ ಇನ್ನೂ ಕಾಲೆಳೆಯುತ್ತಿತ್ತು. ಸತ್ತವರ ಹೆಸರಿನಲ್ಲೇ ಉಳಿದಿರುವ ಪಹಣಿಗಳೂ ಇಂಥದ್ದೇ ಉದಾಹರಣೆ. ಪೌತಿ ಖಾತೆ (ಸತ್ತವರ ಜಮೀನನ್ನು ವಾರಸುದಾರರ ಹೆಸರಿಗೆ ಮಾಡುವುದು) ಮಾಡಿಸಿಕೊಳ್ಳದ ಮನೆ ನಮ್ಮ ಬೀದಿಯಲ್ಲೇ ಇದೆ.

ಹೊಲದ ಹೆಸರಿಗೆ ಕಾಲಂ ಇಲ್ಲ

ನನ್ನನ್ನು ಜಾಸ್ತಿ ಕಾಡಿದ್ದು ಇದು. ಪಹಣಿಯಲ್ಲಿ ಸರ್ವೆ ನಂಬರ್ ಇದೆ, ಹಿಸ್ಸಾ (ಆ ನಂಬರಿನ ಒಳಭಾಗ) ಇದೆ, ಎಕರೆ ಗುಂಟೆ ಇದೆ, ಖರಾಬು (ಸಾಗುವಳಿಗೆ ಬಾರದ ಜಾಗ) ಇದೆ. ಆದರೆ ಅವ್ವ ಒಂದು ದಿನವೂ ಸರ್ವೆ ನಂಬರ್ ಹೇಳಿದವರಲ್ಲ. ಅವರಿಗೆ ಅದು 'ಚಿಂತಚೆಟ್ಟು ಚೇನು', ಅಂದರೆ ಹುಣಸೇಮರದ ಹೊಲ. ಇನ್ನೊಂದು 'ಕುಂಟೆ ಕೆಳಗಿನದು', ಕುಂಟೆ ಅಂದರೆ ನೀರು ನಿಲ್ಲುವ ಸಣ್ಣ ಕೆರೆ. ನಮ್ಮ ಗಡಿ ಊರುಗಳಲ್ಲಿ ಮನೆಯೊಳಗೆ ತೆಲುಗು, ಹೊರಗೆ ಕನ್ನಡ, ಹೊಲದ ಹೆಸರಿನಲ್ಲಿ ಎರಡೂ. ಆ ಮರ ಈಗಿಲ್ಲ. ಕುಂಟೆಯೂ ಮುಚ್ಚಿಹೋಗಿದೆ. ಅಲ್ಲಿ ಒಂದು ಮರ ಇತ್ತು, ನೀರು ನಿಲ್ಲುತ್ತಿತ್ತು ಅನ್ನೋದು ಆ ಹೆಸರಿನಲ್ಲಿ ಮಾತ್ರ ಉಳಿದಿದೆ.

ಬೆಳೆಯ ವಿಷಯವೂ ಹೀಗೆ. ಈಗ ಬೆಳೆ ಸಮೀಕ್ಷೆ ಆ್ಯಪ್‌ನಲ್ಲಿ ಹೊಲಕ್ಕೇ ಹೋಗಿ ಫೋಟೋ ತೆಗೆದು ಹಾಕುತ್ತಾರೆ. 2020ರಿಂದ ರೈತರೇ ಹಾಕಬಹುದು. ಬೆಂಬಲ ಬೆಲೆಗೆ ರಾಗಿ ಕೊಡಬೇಕಾದರೆ ಫ್ರೂಟ್ಸ್ ಐಡಿ (ಸರ್ಕಾರದಲ್ಲಿ ರೈತರ ನೋಂದಣಿ ಸಂಖ್ಯೆ) ಬೇಕು, ಬೆಳೆಯ ದಾಖಲೆ ಸರಿಯಿರಬೇಕು. ಹಾಗಾಗಿ ಇದು ಸುಮ್ನೆ ತಳ್ಳಿಹಾಕುವ ವಿಷಯವಲ್ಲ. ಆದರೆ ರಾಗಿಯ ನಡುವೆ ಎಷ್ಟು ಸಾಲಿಗೆ ಒಂದು ಅಕ್ಕಡಿ (ಬೇರೆ ಬೆಳೆಯ) ಸಾಲು, ಅದರಲ್ಲಿ ಅವರೆ ಎಷ್ಟು, ತೊಗರಿ ಎಷ್ಟು, ಯಾವ ಮಳೆಗೆ ಕೈ ಹಾಕಬೇಕು, ಇದೆಲ್ಲ ಅವ್ವನ ಕೈಯಲ್ಲಿದೆ. ಮಾಡಿ ಕಲಿಯುವ ಇಂಥ ತಿಳಿವಳಿಕೆ ಫೋಟೋದಲ್ಲಿ ಬರಲ್ಲ.

ಶಿಡ್ಲಘಟ್ಟದ ಗೂಡು

ಶಿಡ್ಲಘಟ್ಟದ ರೇಷ್ಮೆಗೂಡಿನ ಮಾರುಕಟ್ಟೆ ನಮಗೆ ಹತ್ತಿರ. ಹಿಂದೆ ಅಲ್ಲಿ ಹರಾಜು ಕೂಗುತ್ತಿದ್ದರು. ಯಾರು ಎಷ್ಟು ಕೂಗಿದರು ಅಂತ ಎಲ್ಲರಿಗೂ ಕೇಳಿಸುತ್ತಿತ್ತು. ಗೂಡು ಕೊಂಡು ನೂಲು ತೆಗೆಯುವ ರೀಲರ್‌ಗಳು ತಮ್ಮಲ್ಲೇ ಮಾತಾಡಿಕೊಂಡು ಬೆಲೆ ಕಟ್ಟಿಹಾಕುವುದೂ ಸುಲಭವಾಗಿತ್ತು. ಈಗ ಇ-ಹರಾಜು. ಲಾಟ್ ನಂಬರ್ ಇದೆ, ಎಲೆಕ್ಟ್ರಾನಿಕ್ ತೂಕ ಇದೆ, ರೀಲರ್ ಮೊಬೈಲಿನಲ್ಲೇ ದರ ಹಾಕುತ್ತಾರೆ. ದರ ಇಷ್ಟವಾಗದಿದ್ದರೆ ರೈತ ಬೇಡ ಅನ್ನಬಹುದು. ರೈತನ ಕಡೆಯಿಂದ ನೋಡಿದರೆ ಇಲ್ಲಿ ಲಾಭವೇ ಜಾಸ್ತಿ. ಇಲ್ಲೊಂದು ವಿಷಯ ಗಮನಿಸಿ. ಗೂಡನ್ನು ಕೈಯಲ್ಲಿ ಹಿಡಿದು, ಅಲ್ಲಾಡಿಸಿ ನೋಡುವ ಕೆಲಸ ನಿಂತಿಲ್ಲ. ನೋಡುವುದು ಗೂಡು ಹಾಕಿದ ಜಾಲರಿಯ ಹತ್ತಿರ, ದರ ಹಾಕುವುದು ಫೋನಿನಲ್ಲಿ. ಹೊಸದು ಬಂದಾಗ ಹಳೆಯದು ಪೂರ್ತಿ ಹೋಗಬೇಕಾಗಿಲ್ಲ ಅನ್ನುವುದಕ್ಕೆ ಇದನ್ನು ಬರೆಯಬಹುದು.

ಅಕ್ಷರಕ್ಕೂ ಒಂದು ಮನೆ

ಸಂಸ್ಕೃತಿಯ ಪ್ರಶ್ನೆ ಬಂದರೆ ನಾನು ಕನ್ನಡ ಅಕ್ಷರದ ಬಗ್ಗೆ ಬರೆಯುತ್ತೇನೆ. ಮೊದಲು ಕಂಪ್ಯೂಟರಿನಲ್ಲಿ ಕನ್ನಡಕ್ಕೆ ಸ್ವಂತ ಜಾಗ ಇರಲಿಲ್ಲ. ಹಳೆಯ ಫಾಂಟುಗಳು ಇಂಗ್ಲಿಷ್ ಅಕ್ಷರಗಳ ಜಾಗದಲ್ಲಿ ಕನ್ನಡದ ಚಿತ್ರ ಕೂರಿಸುತ್ತಿದ್ದವು. ಆ ಫಾಂಟ್ ಇಲ್ಲದ ಯಂತ್ರದಲ್ಲಿ ತೆರೆದರೆ ಅರ್ಥವಿಲ್ಲದ ಇಂಗ್ಲಿಷ್ ಅಕ್ಷರಗಳು ಕಾಣುತ್ತವೆ. ಎಲ್ಲ ಭಾಷೆಯ ಅಕ್ಷರಗಳಿಗೂ ಒಂದೊಂದು ಸಂಖ್ಯೆ ಕೊಡುವ ಯುನಿಕೋಡ್ ಪಟ್ಟಿ 1991ರಲ್ಲಿ ಮೊದಲ ಆವೃತ್ತಿಯಲ್ಲೇ ಕನ್ನಡಕ್ಕೆ 128 ಮನೆಗಳನ್ನು ಕೊಟ್ಟಿತು. ಈಗ 'ಕ' ಯಾವ ದೇಶದ ಯಾವ ಫೋನಿನಲ್ಲೂ 'ಕ'ನೇ. ಅದರಿಂದಲೇ ಕನ್ನಡದಲ್ಲಿ ಹುಡುಕಲು ಆಗುತ್ತಿದೆ, 2003ರಲ್ಲಿ ಶುರುವಾದ ಕನ್ನಡ ವಿಕಿಪೀಡಿಯ ನಡೆಯುತ್ತಿದೆ. ಕೀಲಿಮಣೆಯ ವಿಷಯದಲ್ಲಿ ಕೆ.ಪಿ. ರಾವ್ ಅವರ ಹೆಸರು ಮರೆಯಬೇಡಿ. ಕನ್ನಡ ಟೈಪ್ ಮಾಡುವ ನುಡಿ ತಂತ್ರಾಂಶದ ಕೀಲಿಮಣೆಗೆ ಅವರ ವಿನ್ಯಾಸವೇ ಆಧಾರ.

ನಮ್ಮ ಊರಿನ ಮೇಷ್ಟ್ರೊಬ್ಬರು ಗಾದೆಗಳನ್ನು ಕೂಡಿಸಿ ಹಳೆಯ ಫಾಂಟಿನಲ್ಲಿ ಟೈಪ್ ಮಾಡಿಟ್ಟಿದ್ದರು. ಫೈಲ್ ಇದೆ, ಫೋನಿನಲ್ಲಿ ಓದಲು ಆಗಲ್ಲ. ಪರಿವರ್ತಕದಲ್ಲಿ ಹಾಕಿ ಯುನಿಕೋಡಿಗೆ ತಂದೆವು. ಒತ್ತಕ್ಷರಗಳು ಕೆಲವು ಕಡೆ ಕೆಟ್ಟಿದ್ದವು, ಕೂತು ತಿದ್ದಿದೆವು. ಒಟ್ಟು ಎರಡು ಸಂಜೆ ಹಿಡಿಯಿತು. ನೀವೂ ಮನೆಯ ಹಳೆಯ ಸಿಡಿ, ಪೆನ್‌ಡ್ರೈವ್ ಒಮ್ಮೆ ನೋಡಿ.

ಯಾರು ಹೇಳಿದರು?

ವಾಟ್ಸಾಪ್ ಬಗ್ಗೆ ಚಿಕ್ಕದಾಗಿ. ಊರಿನ ಕಟ್ಟೆಯ ಮೇಲೆ ಒಂದು ಸುದ್ದಿ ಬಂದರೆ 'ಯಾರು ಹೇಳಿದ್ದು?' ಅಂತ ಮೊದಲು ಕೇಳುತ್ತಾರೆ. ಫಾರ್ವರ್ಡ್ ಆಗಿ ಬಂದ ಸಂದೇಶದಲ್ಲಿ ಆ ಹೆಸರಿಗೇ ಜಾಗ ಇಲ್ಲ. 2018ರ ಜುಲೈನಲ್ಲಿ ಬೀದರ್ ಜಿಲ್ಲೆಯ ಮುರ್ಕಿಯಲ್ಲಿ ಮಕ್ಕಳ ಕಳ್ಳರೆಂಬ ವದಂತಿ ನಂಬಿ ಗುಂಪೊಂದು ಯುವಕನೊಬ್ಬನನ್ನು ಕೊಂದಿತು. ಅದೇ ತಿಂಗಳು ವಾಟ್ಸಾಪ್ ಭಾರತದಲ್ಲಿ ಫಾರ್ವರ್ಡ್ ಮಿತಿಯನ್ನು 5 ಚಾಟ್‌ಗಳಿಗೆ ಇಳಿಸುವುದಾಗಿ ಹೇಳಿತು. ಮಿತಿಯಿಂದ ವೇಗ ಕಡಿಮೆಯಾಗುತ್ತದೆ. ಯಾರು ಹೇಳಿದ್ದು ಅಂತ ಕೇಳುವ ಅಭ್ಯಾಸವನ್ನು ನಾವೇ ಉಳಿಸಿಕೊಳ್ಳಬೇಕು.

ಮಾಡಿ ನೋಡಲು ಒಂದು ಕೆಲಸ

ನಿಮ್ಮ ಮನೆಯ ಪಹಣಿ ತೆಗೆದುಕೊಳ್ಳಿ. ಮನೆಯ ಹಿರಿಯರ ಪಕ್ಕ ಕೂತು ಪ್ರತಿ ಸರ್ವೆ ನಂಬರಿನ ಎದುರು ಆ ಹೊಲದ ಹೆಸರು ಬರೆಯಿರಿ. ಹೆಸರು ಯಾಕೆ ಬಂತು ಅಂತಲೂ ಕೇಳಿ. ಯುನಿಕೋಡಿನಲ್ಲೇ ಟೈಪ್ ಮಾಡಿ. ನಾನು ಶುರು ಮಾಡಿದ್ದೇನೆ. ನಮ್ಮ ನಾಲ್ಕು ತುಂಡುಗಳಲ್ಲಿ ಮೂರಕ್ಕೆ ಹೆಸರು ಸಿಕ್ಕಿದೆ. ನಾಲ್ಕನೆಯದು ಅವ್ವನಿಗೂ ನೆನಪಾಗಲಿಲ್ಲ. ಪಕ್ಕದ ಹೊಲದ ತಾತನಿಗೆ ಗೊತ್ತಿರಬಹುದು ಅಂದರು. ಭಾನುವಾರ ಅವರ ಮನೆಗೆ ಹೋಗುತ್ತಿದ್ದೇವೆ.