ಪಿಸಾ ಅಂಕಗಳನ್ನು ಓದುವ ಬಗೆ: ಜರ್ಮನಿ ಮತ್ತು ಪೋಲೆಂಡ್

ಹಲವು ದೇಶಗಳ ವಿದ್ಯಾರ್ಥಿಗಳ ಕಲಿಕೆಯನ್ನು ಹೋಲಿಸುವ ಪಿಸಾ ಪರೀಕ್ಷೆಯ ಫಲಿತಾಂಶ ಕೈಗೆ ಸಿಕ್ಕೊಡನೆ ನಾವು ಹುಡುಕುವುದು ಯಾವ ದೇಶಕ್ಕೆ ಎಷ್ಟನೆಯ ಸ್ಥಾನ ಎಂಬುದನ್ನು. 2009ರ ಸುತ್ತಿನ ವಿಸ್ತರಣೆಯಲ್ಲಿ ತಮಿಳುನಾಡು ಮತ್ತು ಹಿಮಾಚಲ ಪ್ರದೇಶ ಪಟ್ಟಿಯ ತಳದಲ್ಲಿ ಕಾಣಿಸಿಕೊಂಡಾಗ ನಮ್ಮಲ್ಲಿ ನಡೆದ ಚರ್ಚೆಯೂ ಬಹುಮಟ್ಟಿಗೆ ಅಷ್ಟಕ್ಕೇ ನಿಂತಿತು. ಬಹುತೇಕ ಶ್ರೀಮಂತ ದೇಶಗಳ ಆರ್ಥಿಕ ಸಹಕಾರ ಸಂಸ್ಥೆಯಾದ ಒಇಸಿಡಿ 2000ದಿಂದ ನಡೆಸುತ್ತಿರುವ ಈ ಪರೀಕ್ಷೆಯಲ್ಲಿ 15 ವರ್ಷದ ವಿದ್ಯಾರ್ಥಿಗಳು ಓದು, ಗಣಿತ, ವಿಜ್ಞಾನಗಳ ಪ್ರಶ್ನೆಗಳನ್ನು ಬಿಡಿಸುವುದರ ಜೊತೆಗೆ ತಂದೆತಾಯಿಯರ ವಿದ್ಯಾಭ್ಯಾಸ, ಉದ್ಯೋಗ, ಮನೆಯಲ್ಲಿರುವ ಪುಸ್ತಕಗಳ ಬಗ್ಗೆಯೂ ಉತ್ತರಿಸುತ್ತಾರೆ. ಈ ಎರಡನ್ನೂ ಒಟ್ಟಿಗೆ ನಕ್ಷೆಯಲ್ಲಿ ಗುರುತಿಸಿದರೆ ಒಂದು ಓರೆಗೆರೆ ಸಿಗುತ್ತದೆ. ಸರಾಸರಿ ಅಂಕ ಕಲಿಕೆಯ ಮಟ್ಟವನ್ನು ಹೇಳಿದರೆ, ಆ ಗೆರೆ ಎಷ್ಟು ಕಡಿದಾಗಿದೆ ಎಂಬುದು ಮಗುವಿನ ಅಂಕ ಮನೆಯ ಸ್ಥಿತಿಗತಿಗೆ ಎಷ್ಟರ ಮಟ್ಟಿಗೆ ಕಟ್ಟುಬಿದ್ದಿದೆ ಎಂಬುದನ್ನು ಹೇಳುತ್ತದೆ.

2001ರ ಡಿಸೆಂಬರಿನಲ್ಲಿ ಮೊದಲ ಸುತ್ತಿನ ಫಲಿತಾಂಶ ಹೊರಬಿದ್ದಾಗ ಜರ್ಮನಿಗೆ ಓದಿನಲ್ಲಿ ಬಂದದ್ದು 484 ಅಂಕ. ಒಇಸಿಡಿ ಸರಾಸರಿ 500. ‘ಪಿಸಾ ಆಘಾತ’ ಎಂಬ ಮಾತು ಹುಟ್ಟಿದ್ದು ಆಗಲೇ. ಆದರೆ ನನ್ನ ದೃಷ್ಟಿಯಲ್ಲಿ ಆ ವರದಿಯ ನಿಜವಾದ ಆಘಾತವಿದ್ದದ್ದು ಓರೆಗೆರೆಯಲ್ಲಿ, ಏಕೆಂದರೆ ಭಾಗವಹಿಸಿದ ದೇಶಗಳಲ್ಲೆಲ್ಲ ಅದು ಅತ್ಯಂತ ಕಡಿದಾಗಿದ್ದ ಕೆಲವೇ ದೇಶಗಳಲ್ಲಿ ಜರ್ಮನಿಯೂ ಒಂದಾಗಿತ್ತು. ಅಲ್ಲಿನ ಹೆಚ್ಚಿನ ರಾಜ್ಯಗಳಲ್ಲಿ ನಾಲ್ಕನೆಯ ತರಗತಿ ಮುಗಿಯುತ್ತಲೇ, ಅಂದರೆ ಸುಮಾರು 10ನೆಯ ವಯಸ್ಸಿಗೇ, ಮಕ್ಕಳನ್ನು ವಿಶ್ವವಿದ್ಯಾಲಯದ ದಾರಿಯ ಗಿಮ್ನಾಸಿಯಂ ಮತ್ತು ಇತರ ಬಗೆಯ ಶಾಲೆಗಳಿಗೆ ವಿಂಗಡಿಸಲಾಗುತ್ತಿತ್ತು. ಓದುವ ಸಾಮರ್ಥ್ಯ ಸಮನಾಗಿದ್ದಾಗಲೂ ಸ್ಥಿತಿವಂತರ ಮಕ್ಕಳೇ ಗಿಮ್ನಾಸಿಯಂ ಸೇರುವ ಸಾಧ್ಯತೆ ಹೆಚ್ಚಿತ್ತು. ಮುಂದೆ ಎಲ್ಲ ರಾಜ್ಯಗಳಿಗೂ ಸಮಾನ ಕಲಿಕಾ ಮಾನದಂಡಗಳು ಬಂದವು, ಪೂರ್ಣದಿನದ ಶಾಲೆಗಳಿಗಾಗಿ 400 ಕೋಟಿ ಯೂರೋ ತೆಗೆದಿರಿಸಲಾಯಿತು, ಆದರೆ ಬೇಗನೆ ವಿಂಗಡಿಸುವ ಪದ್ಧತಿ ಬಹುಪಾಲು ಹಾಗೆಯೇ ಉಳಿಯಿತು. ಗಣಿತದ ಅಂಕ 2003ರಲ್ಲಿ 503 ಇದ್ದದ್ದು 2012ರಲ್ಲಿ 514ಕ್ಕೆ ಏರಿ, 2022ರಲ್ಲಿ 475ಕ್ಕೆ ಇಳಿಯಿತು.

ಪಕ್ಕದ ಪೋಲೆಂಡ್ ಕೈಹಾಕಿದ್ದು ಈ ವಿಂಗಡಣೆಗೇ. ಎಂಟು ವರ್ಷದ ಪ್ರಾಥಮಿಕ ಶಾಲೆಯನ್ನು 1999ರಲ್ಲಿ ಆರು ವರ್ಷಕ್ಕೆ ಇಳಿಸಿ, ಅದರ ಮೇಲೆ ಎಲ್ಲರೂ ಒಟ್ಟಿಗೆ ಕಲಿಯುವ ಮೂರು ವರ್ಷದ ಶಾಲೆಯನ್ನು ಸೇರಿಸಿದ್ದರಿಂದ ವೃತ್ತಿಶಿಕ್ಷಣಕ್ಕೆ ಬೇರ್ಪಡುವ ವಯಸ್ಸು 15ರಿಂದ 16ಕ್ಕೆ ಸರಿಯಿತು. ಓದಿನ ಅಂಕ 2000ದಲ್ಲಿ 479, 2003ರಲ್ಲಿ 497, 2006ರಲ್ಲಿ 508. ಹೆಚ್ಚು ಮೇಲೆದ್ದವರು ಹಿಂದುಳಿದಿದ್ದ ವಿದ್ಯಾರ್ಥಿಗಳು. ಇಲ್ಲಿ ಎಚ್ಚರ ಬೇಕು: ಅದೇ ವರ್ಷಗಳಲ್ಲಿ ಪಠ್ಯಕ್ರಮ ಬದಲಾಯಿತು, ಬಾಹ್ಯ ಪರೀಕ್ಷೆಗಳೂ ಬಂದವು; ಆದ್ದರಿಂದ ಏರಿಕೆಯನ್ನೆಲ್ಲ ಒಂದೇ ಕಾರಣದ ಲೆಕ್ಕಕ್ಕೆ ಬರೆಯಲಾಗದು. 16ನೆಯ ವಯಸ್ಸಿನವರೆಗೂ ಮಕ್ಕಳನ್ನು ಬೇರ್ಪಡಿಸದ ಫಿನ್‌ಲೆಂಡಿನ ಗಣಿತದ ಅಂಕವೇ 2006ರ 548ರಿಂದ 2022ರಲ್ಲಿ 484ಕ್ಕೆ ಕುಸಿದಿದೆ.

ಪೋಲೆಂಡ್ 2017ರಿಂದ ಮತ್ತೆ ಎಂಟು ವರ್ಷದ ಪ್ರಾಥಮಿಕ ಶಾಲೆಗೆ ಮರಳಿದೆ. ಅಲ್ಲಿನ ಗಣಿತದ ಅಂಕ 2018ರಲ್ಲಿ 516 ಇದ್ದದ್ದು 2022ರಲ್ಲಿ 489 ಆಯಿತು. ಆದರೆ ಕೋವಿಡ್‌ನಿಂದಾಗಿ ಶಾಲೆಗಳು ಮುಚ್ಚಿದ್ದೂ ಅದೇ ಅವಧಿಯಲ್ಲಾದ್ದರಿಂದ ಎರಡರ ಪರಿಣಾಮವನ್ನು ಈ ಒಂದು ಅಂಕದಿಂದ ಬೇರ್ಪಡಿಸಿ ನೋಡಲಾಗದು.